ಪಿನ್ನು ಕೂರುವ ತನಕ ಕಾಯಿರಿ

ನನ್ನ ಮಗಳು ಎಡಚಿ. ಈ ಮಾತನ್ನು ನಾನು ಬೇಕೆಂದೇ ಹೀಗೆ ನೇರವಾಗಿ ಹೇಳುತ್ತೇನೆ. ಅವಳು ಚಮಚ ಹಿಡಿಯಲು ಕಲಿತ ದಿನದಿಂದ ನನ್ನ ಅತ್ತೆ ಇದೇ ಪದವನ್ನು ಕಾಯಿಲೆಯ ಹೆಸರಿನ ಹಾಗೆ, ದನಿ ತಗ್ಗಿಸಿ ಹೇಳುತ್ತಿದ್ದರು. ವಿಡಿಯೋ ಕಾಲಿನಲ್ಲಿ ಮಗು ಊಟ ಮಾಡುವುದು ಕಂಡರೆ ಸಾಕು, "ಆ ಕೈಗೆ ಒಂದು ಬಟ್ಟೆ ಸುತ್ತು, ತಾನಾಗೇ ಸರಿಹೋಗತ್ತೆ" ಎನ್ನುತ್ತಿದ್ದರು. ಇಲ್ಲಿ ಜಪಾನಿನ ಶಿಶುವಿಹಾರದಲ್ಲಿ ಯಾರೂ ಬೈಯಲಿಲ್ಲ. ಟೀಚರು ನಗುನಗುತ್ತಲೇ ಚಾಪ್‌ಸ್ಟಿಕ್ಕನ್ನು ಎಡಗೈಯಿಂದ ತೆಗೆದು ಬಲಗೈಗೆ ಇಡುತ್ತಿದ್ದರು. ಅಲ್ಲಿ ಬೈಗುಳ, ಇಲ್ಲಿ ನಗು. ಮಾಡುತ್ತಿದ್ದ ಕೆಲಸ ಮಾತ್ರ ಒಂದೇ. ನಾನು ಶಿಶುವಿಹಾರಕ್ಕೆ ಹೋಗಿ, ಅಷ್ಟೇ ನಗುತ್ತಾ, ಚಾಪ್‌ಸ್ಟಿಕ್ಕನ್ನು ವಾಪಸ್ ಎಡಗೈಗೆ ಕೊಟ್ಟು ಬಂದಿದ್ದೆ.

ನಾವಿದ್ದದ್ದು ಗ್ಯೋಟೋಕುವಿನಲ್ಲಿ. ಗಂಡ ಸಾಫ್ಟ್‌ವೇರ್ ಕೆಲಸಕ್ಕೆ ತೋಜಾಯ್ ಲೈನಿನ ರೈಲು ಹಿಡಿದು ಟೋಕಿಯೋಗೆ ಹೋಗಿಬರುತ್ತಿದ್ದರು. ನಾನು ದಾವಣಗೆರೆಯವಳು. ಟೂಲ್ ಅಂಡ್ ಡೈ ಮೇಕಿಂಗ್ ಡಿಪ್ಲೊಮಾ ಮಾಡಿ, ಮದುವೆಯಾಗುವ ತನಕ ಬೆಂಗಳೂರಿನ ಪೀಣ್ಯದ ಒಂದು ಟೂಲ್ ರೂಮಿನಲ್ಲಿ ಕೆಲಸ ಮಾಡಿದ್ದೆ. ಅಚ್ಚುಗಳನ್ನು ಬಿಚ್ಚುವುದು, ಸವೆದದ್ದನ್ನು ಬದಲಾಯಿಸುವುದು, ಮತ್ತೆ ಜೋಡಿಸುವುದು. ಜಪಾನಿಗೆ ಬಂದ ಮೇಲೆ ನನ್ನ ವೀಸಾದ ಮೇಲೆ ಬರೆದದ್ದು 'ಅವಲಂಬಿತೆ' ಎಂದು. ಕೆಲಸ ಹುಡುಕಿದೆ. ಭಾಷೆ ಬರುವುದಿಲ್ಲ ಎಂದರು. ಭಾಷೆ ಒಂದಷ್ಟು ಬಂದ ಮೇಲೆ ಮಗು ಚಿಕ್ಕದಲ್ಲವೇ ಎಂದರು.

ಮಗಳು ಆರನೇ ಕ್ಲಾಸಿನಲ್ಲಿದ್ದಾಗ ನಮ್ಮ ಕಡೆಯ ಕ್ರೀಡಾಭವನದಲ್ಲಿ ಮಕ್ಕಳಿಗೆ ರೈಫಲ್ ಆಟ ಕಲಿಸುತ್ತಾರೆಂದು ತಿಳಿಯಿತು. ಜಪಾನಿನಲ್ಲಿ ನಿಜವಾದ ಬಂದೂಕು ಮುಟ್ಟುವುದೆಂದರೆ ಲೈಸೆನ್ಸು, ಪರೀಕ್ಷೆ, ಪೊಲೀಸರ ವಿಚಾರಣೆ, ಎಲ್ಲ ಆಗಬೇಕು. ಮಕ್ಕಳಿಗೆಂದೇ ಬೆಳಕಿನ ರೈಫಲ್ ಇದೆ. ಆಕಾರ, ತೂಕ, ಮರದ ಹಿಡಿ ಎಲ್ಲ ರೈಫಲ್ಲಿನದೇ. ಗುಂಡು ಮಾತ್ರ ಇಲ್ಲ. ಟ್ರಿಗರ್ ಎಳೆದರೆ ಒಂದು ಬೆಳಕಿನ ಕಿರಣ ಹೋಗಿ ಗುರಿಪೆಟ್ಟಿಗೆಗೆ ತಾಗುತ್ತದೆ, ಎಷ್ಟು ಅಂಕ ಬಂತೆಂದು ಪೆಟ್ಟಿಗೆಯೇ ತೋರಿಸುತ್ತದೆ. ಕಾಲೇಜಿನಲ್ಲಿ ಎನ್‌ಸಿಸಿಯಲ್ಲಿದ್ದಾಗ ನಾನು ಚಾಪೆಯ ಮೇಲೆ ಬೋರಲು ಮಲಗಿ ರೈಫಲ್ ಹೊಡೆದ ಕತೆಯನ್ನು ಮಗಳು ಎಷ್ಟೋ ಸಲ ಕೇಳಿದ್ದಳು. "ನಾನೂ ಹೋಗ್ತೀನಿ" ಎಂದಳು.

ಕ್ಲಬ್ಬು ನಡೆಸುತ್ತಿದ್ದವರು ಎಪ್ಪತ್ತರ ಆಸುಪಾಸಿನ ಒಬ್ಬ ಹೆಂಗಸು. ಶಾಲೆಯಲ್ಲಿ ವ್ಯಾಯಾಮ ಕಲಿಸಿ ನಿವೃತ್ತರಾದವರು. ಎಲ್ಲರೂ ಅವರನ್ನು ಸೆನ್ಸೇ, ಅಂದರೆ ಗುರುಗಳು, ಎನ್ನುತ್ತಿದ್ದರು. ಮಗಳು ರೈಫಲ್ಲನ್ನು ತಾನಾಗಿ ಎಡ ಭುಜಕ್ಕೆ ಒರಗಿಸಿದ್ದನ್ನು ನೋಡಿ ಅವರು ಒಳಗೆ ಹೋದರು. ಕಪಾಟಿನ ಹಿಂದಿನಿಂದ ಬೇರೊಂದು ರೈಫಲ್ ತಂದರು. ಹಳೆಯದು. ಕೆನ್ನೆ ಇಡುವ ಜಾಗ, ಅಂಗೈ ಕೂರುವ ಜಾಗ, ಎಲ್ಲವನ್ನೂ ಎಡಗೈಯವರಿಗೆಂದೇ ಕಡೆದದ್ದು. ಮಗಳು ಅದನ್ನು ಎತ್ತಿ ಕೆನ್ನೆಗೆ ಒತ್ತಿಕೊಂಡಳು. ಯಾರೋ ತನಗಾಗಿ ಮಾಡಿಟ್ಟ ವಸ್ತು ಮೊದಲ ಸಲ ಸಿಕ್ಕಿದ ಮುಖ ಅದು.

ಅಷ್ಟರಲ್ಲಿ ಕೊರೋನಾ ಬಂತು. ಕ್ರೀಡಾಭವನ ಮುಚ್ಚಿತು. ಗಂಡ ಊಟದ ಮೇಜನ್ನೇ ಆಫೀಸು ಮಾಡಿಕೊಂಡರು, ಮಗಳ ಶಾಲೆ ನಿಂತು ನಿಂತು ನಡೆಯಿತು. ಆ ಕಾಲದಲ್ಲಿ ನಮ್ಮಂಥ ವಿದೇಶಿಯರು ಒಮ್ಮೆ ದೇಶ ಬಿಟ್ಟು ಹೋದರೆ ವಾಪಸ್ ಬರಲು ಬಿಡುತ್ತಿರಲಿಲ್ಲ. ಜಪಾನಿನವರು ಹೋಗಿಬರಬಹುದಿತ್ತು. ವರ್ಷಗಟ್ಟಲೆ ಇಲ್ಲೇ ಬದುಕಿದ ನಾವು ಊರಿಗೆ ಹೋದರೆ ಮನೆಯ ಬೀಗದ ಕೈ ಜೇಬಿನಲ್ಲಿಟ್ಟುಕೊಂಡು ಹೊರಗೇ ಉಳಿಯಬೇಕಿತ್ತು. ಗಂಡ "ರೂಲ್ಸ್ ಅಂದ್ರೆ ರೂಲ್ಸು, ಏನು ಮಾಡೋಕಾಗತ್ತೆ" ಎಂದರು. ನನ್ನೊಳಗೆ ಮಾತ್ರ ಅದು ಆರಲಿಲ್ಲ.

ಮುಂದಿನ ವರ್ಷ ಭವನ ತೆರೆಯಿತು. ಮಾಸ್ಕು, ಅಂತರ, ಬಾಗಿಲಲ್ಲಿ ಜ್ವರ ನೋಡುವ ಯಂತ್ರ. ಮಗಳು ಹೋದಳು, ಬೇಗನೆ ಬಂದಳು. ಆ ಎಡಗೈ ರೈಫಲ್ಲಿನ ಟ್ರಿಗರು ಸಡಿಲವಾಗಿ ಲಟಲಟ ಅಲ್ಲಾಡುತ್ತಿತ್ತಂತೆ. ಒಮ್ಮೆ ಎಳೆದರೆ ಬೆಳಕು ಬರುತ್ತದೆ, ಇನ್ನೊಮ್ಮೆ ಇಲ್ಲ. ತಯಾರಿಸಿದವರನ್ನು ಕೇಳಿದ್ದಕ್ಕೆ ಆ ಹಳೆಯ ಮಾದರಿಗೆ ಬಿಡಿಭಾಗ ಮಾಡುವುದು ನಿಲ್ಲಿಸಿ ಕಾಲವಾಯಿತು ಎಂದರಂತೆ. ಹೊಸ ರೈಫಲ್ ಕೊಳ್ಳುವ ಮಾತು ಸದ್ಯಕ್ಕಿಲ್ಲ. ಉಳಿದವೆಲ್ಲ ಬಲಗೈಯವು.

"ಸೆನ್ಸೇ ಏನಂದ್ರು?"

"ಬಲಗೈಲಿ ಟ್ರೈ ಮಾಡ್ತೀಯಾ ಅಂದ್ರು. ಇಟ್ಸ್ ಓಕೆ ಅಮ್ಮ."

ಮಾರನೆಯ ದಿನ ಬಟ್ಟೆ ಒಣಹಾಕಲು ಹೋಗುವಾಗ ಅವಳ ಕೋಣೆಯ ಬಾಗಿಲು ಅರ್ಧ ತೆರೆದಿತ್ತು. ಕನ್ನಡಿಯ ಮುಂದೆ ನಿಂತು ಪೊರಕೆಯ ಕೋಲನ್ನು ಬಲ ಭುಜಕ್ಕೆ ಒರಗಿಸಿ ಬಲಗಣ್ಣಿನಲ್ಲಿ ನೋಡಲು ಪ್ರಯತ್ನಿಸುತ್ತಿದ್ದಳು. ಕತ್ತು ಸೊಟ್ಟ, ಮೊಣಕೈ ಎಲ್ಲೋ. ಎಡಗಣ್ಣನ್ನು ಕೈಯಿಂದ ಮುಚ್ಚಿಕೊಂಡಿದ್ದಳು. ನನಗೆ ಬಂದ ಸಿಟ್ಟನ್ನು ಯಾರ ಮೇಲೆ ಹಾಕಬೇಕೋ ತಿಳಿಯಲಿಲ್ಲ. ಬಟ್ಟೆಯ ಬುಟ್ಟಿಯನ್ನು ಅಲ್ಲೇ ಇಟ್ಟು ಹೇಳಿದೆ:

"ಆ ಕೋಲು ಇಡು. ರೆಡಿಯಾಗು. ಸೆನ್ಸೇ ಹತ್ರ ಹೋಗೋಣ."

ಭವನದಲ್ಲಿ ಸೆನ್ಸೇ ರೈಫಲ್ಲನ್ನು ಮೇಜಿನ ಮೇಲಿಟ್ಟು ತೋರಿಸಿದರು. ನಾನು ಬಗ್ಗಿ ನೋಡಿದೆ. ಟ್ರಿಗರು ಒಂದು ಸಣ್ಣ ಅಲ್ಯೂಮಿನಿಯಂ ಗೂಡಿನೊಳಗೆ, ಬೆಂಕಿಕಡ್ಡಿಯಷ್ಟು ದಪ್ಪದ ಉಕ್ಕಿನ ಪಿನ್ನಿನ ಮೇಲೆ ತೂಗುತ್ತಿತ್ತು. ಪಿನ್ನಿನ ತಲೆ ಒಂದು ಕಡೆಗೆ ಸವೆದು ಮಿಂಚುತ್ತಿತ್ತು. ತೂತು ದುಂಡಗಿರಲಿಲ್ಲ, ಮೊಟ್ಟೆಯಾಕಾರಕ್ಕೆ ಬಂದಿತ್ತು. ಪೀಣ್ಯದಲ್ಲಿ ಇಂಥದ್ದನ್ನು ನೂರಾರು ನೋಡಿದ್ದೆ. ಎದೆಯೊಳಗೆ ಏನೋ ನೆಟ್ಟಗಾಯಿತು.

"ಇದನ್ನ ನಾನು ಸರಿ ಮಾಡ್ತೀನಿ" ಎಂದೆ, ನನ್ನ ಹರಕು ಜಪಾನಿಯಲ್ಲಿ. "ಮನೆಗೆ ಕೊಡಿ."

ಸೆನ್ಸೇ ತಲೆ ಓರೆ ಮಾಡಿ, ಹಲ್ಲಿನ ಸಂದಿಯಿಂದ ಉಸಿರೆಳೆದು, "ಅದು ಸ್ವಲ್ಪ ಕಷ್ಟ ಅಲ್ಲವೇ" ಎಂದರು. ಜಪಾನಿನಲ್ಲಿ ಹಾಗೆಂದರೆ ಆಗುವುದಿಲ್ಲ ಎಂದು ಅರ್ಥ. ಅಷ್ಟು ನನಗೆ ಗೊತ್ತಿತ್ತು. ಗೊತ್ತಿಲ್ಲದವಳ ಹಾಗೆ ನಿಂತೆ.

"ಹೌದು, ಕಷ್ಟ. ಆದರೆ ನನಗೆ ಬರುತ್ತೆ."

ಮಗಳು ನನ್ನ ತೋಳು ಹಿಡಿದು ಎಳೆದಳು. ನಾನು ಕದಲಲಿಲ್ಲ. ಸೆನ್ಸೇ ನನ್ನ ಮುಖ ನೋಡಿದರು, ಆಮೇಲೆ ನನ್ನ ಕೈಗಳನ್ನು. "ಹೇಗೂ ಎಸೆಯಬೇಕೆಂದಿದ್ದದ್ದು. ತೆಗೆದುಕೊಂಡು ಹೋಗಿ ಓಕಾಸಾನ್" ಎಂದು ಅದನ್ನು ಉದ್ದನೆಯ ಕಪ್ಪು ಚೀಲಕ್ಕೆ ಹಾಕಿಕೊಟ್ಟರು. ಓಕಾಸಾನ್ ಎಂದರೆ ಅಮ್ಮ. ಮಗುವಿನ ತಾಯಿಯನ್ನು ಇಲ್ಲಿ ಎಲ್ಲರೂ ಕರೆಯುವುದೇ ಹಾಗೆ.

ಗಂಡ ಚೀಲ ನೋಡಿದ ಕೂಡಲೇ ಎದ್ದು ನಿಂತರು.

"ತಲೆ ಕೆಟ್ಟಿದೆಯಾ ನಿಂಗೆ? ಗನ್ನು ಮನೇಗ್ ತರ್ತಾರಾ ಯಾರಾದ್ರೂ? ಅದೂ ಜಪಾನಲ್ಲಿ, ನಾವು ಫಾರಿನರ್ಸು!"

"ಗನ್ನಲ್ಲರೀ. ಇದರಲ್ಲಿ ಬರೋದು ಲೈಟು. ಟಾರ್ಚ್ ಇದ್ದಂಗೆ."

"ನೋಡೋರಿಗೆ ಗೊತ್ತಾಗತ್ತಾ ಟಾರ್ಚು ಅಂತ?"

"ಕೇಳಿದ್ರೆ ಹೇಳ್ತೀನಿ."

"ಕೇಳೋದಿಲ್ಲ ಇಲ್ಲಿ ಯಾರೂ. ಸೀದಾ ಫೋನ್ ಮಾಡ್ತಾರೆ" ಎಂದರು. ಆ ಮಾತು ನಿಜವಾಗುತ್ತದೆ ಎಂದು ಇಬ್ಬರಿಗೂ ಗೊತ್ತಿರಲಿಲ್ಲ.

ನನ್ನ ಹತ್ತಿರ ವರ್ಕ್‌ಬೆಂಚಿರಲಿಲ್ಲ. ಚಪಾತಿ ಲಟ್ಟಿಸುವ ಮಣೆ ಇತ್ತು. ಅದರ ನಡುವೆ ಒಂದು ತೂತು ಕೊರೆದೆ. ಪಿನ್ನನ್ನು ಬಡಿದು ಹೊರಗೆ ತಳ್ಳುವಾಗ ಕೆಳಗಿನ ತುದಿ ಇಳಿಯಲು ಜಾಗ ಬೇಕು, ಇಲ್ಲದಿದ್ದರೆ ಪೆಟ್ಟೆಲ್ಲ ಟ್ರಿಗರಿನ ಗೂಡಿಗೆ ಬಿದ್ದು ಅದು ಬಾಗುತ್ತದೆ. ಹತಾರ ಮಾರುವ ಹೋಮ್ ಸೆಂಟರ್ ಅಂಗಡಿಯಿಂದ ಹಿತ್ತಾಳೆಯ ಪುಟ್ಟ ಸುತ್ತಿಗೆ, ಪಿನ್ನು ತಳ್ಳುವ ಉಕ್ಕಿನ ಪಂಚುಗಳು, ತೂತು ನಯಗೊಳಿಸುವ ರೀಮರು ತಂದೆ. ಹಿಡಿಯ ಮರಕ್ಕೂ ಅಲ್ಯೂಮಿನಿಯಮ್ಮಿಗೂ ಗೀರು ಬೀಳದಂತೆ ಸುತ್ತ ಟೇಪು ಅಂಟಿಸಿದೆ. ಪಂಚು ಪಿನ್ನಿಗಿಂತ ಕೂದಲೆಳೆಯಷ್ಟು ಸಣ್ಣದಿರಬೇಕು. ದಪ್ಪವಾದರೆ ತೂತನ್ನು ಹರಿಯುತ್ತದೆ, ತೀರ ಸಣ್ಣದಾದರೆ ಜಾರಿ ಪಿನ್ನಿನ ತಲೆಯನ್ನೇ ಅರಳಿಸಿಬಿಡುತ್ತದೆ.

ಮೊದಲ ಪಿನ್ನು ಹಠ ಮಾಡಿತು. ವರ್ಷಗಳ ಎಣ್ಣೆ, ಧೂಳು ಸೇರಿ ಗೋಂದಾಗಿತ್ತು. ಒಂದು ತೊಟ್ಟು ಎಣ್ಣೆ ಬಿಟ್ಟು, ಅಡುಗೆ ಮುಗಿಸಿ ಬಂದು, ಮತ್ತೆ ಮೆಲ್ಲಗೆ ಟಕ್, ಟಕ್, ಟಕ್. ಸದ್ದು ಬದಲಾಯಿತು. ಪಿನ್ನು ಬಿಟ್ಟುಕೊಟ್ಟಾಗ ಸುತ್ತಿಗೆಯ ಸದ್ದು ತಾನಾಗಿ ಮೃದುವಾಗುತ್ತದೆ. ಅದನ್ನು ಕಿವಿ ಮರೆತಿರಲಿಲ್ಲ. ಪಿನ್ನು ಮಣೆಯ ತೂತಿನಿಂದ ಕೆಳಗೆ ಬಿದ್ದಾಗ ನಾನು ಒಬ್ಬಳೇ ಕೂತು ನಕ್ಕೆ.

ಎರಡನೆಯದನ್ನು ತೆಗೆಯುವಾಗ ಒಳಗಿನ ಸ್ಪ್ರಿಂಗು ಹಾರಿ ಎಲ್ಲೋ ಹೋಯಿತು. ತಾಯಿ ಮಗಳು ಇಬ್ಬರೂ ಮೊಣಕಾಲ ಮೇಲೆ ಮನೆಯೆಲ್ಲ ಹುಡುಕಿದ ಮೇಲೆ ಅದು ಕೊನೆಗೆ ಗಂಡನ ಆಫೀಸು ಬೂಟಿನೊಳಗೆ ಸಿಕ್ಕಿತು. ಅಂದಿನಿಂದ ಬಿಚ್ಚುವ ಜೋಡಿಸುವ ಕೆಲಸವನ್ನೆಲ್ಲ ದೊಡ್ಡ ಪಾರದರ್ಶಕ ಪ್ಲಾಸ್ಟಿಕ್ ಚೀಲದೊಳಗೆ ಕೈಯಿಟ್ಟು ಮಾಡಿದೆ.

ಮೊಟ್ಟೆಯಾಕಾರದ ತೂತನ್ನು ರೀಮರಿನಿಂದ ದುಂಡಗೆ ಮಾಡಿ, ಅದಕ್ಕೆ ಸರಿಯಾಗಿ ಒಂದು ಅಳತೆ ಹೆಚ್ಚು ದಪ್ಪದ ಪಿನ್ನು ತರಿಸಿದೆ. ತೆಗೆಯುವುದಕ್ಕಿಂತ ಕೂರಿಸುವುದು ಕಷ್ಟ. ಟ್ರಿಗರು, ಸ್ಪ್ರಿಂಗು, ಸಣ್ಣದೊಂದು ಸನ್ನೆಕೋಲು, ಮೂರನ್ನೂ ಒತ್ತಿ ಹಿಡಿದು ಮೂರರ ತೂತೂ ಒಂದೇ ಗೆರೆಗೆ ಬಂದಾಗ ಪಿನ್ನು ಹೋಗಬೇಕು. ಕೈ ಎರಡೇ. ಅದಕ್ಕೆ ಟೂಲ್ ರೂಮಿನಲ್ಲಿ ಒಂದು ಉಪಾಯವಿತ್ತು. ಮೊದಲು ಒಂದು ಗಿಡ್ಡ ಸುಳ್ಳು ಪಿನ್ನು ಹಾಕಿ ಎಲ್ಲವನ್ನೂ ಹಿಡಿಸುವುದು. ಆಮೇಲೆ ನಿಜವಾದ ಪಿನ್ನು ಒಂದು ಕಡೆಯಿಂದ ಬರುತ್ತಾ ಸುಳ್ಳು ಪಿನ್ನನ್ನು ಇನ್ನೊಂದು ಕಡೆಯಿಂದ ಹೊರಗೆ ತಳ್ಳುತ್ತದೆ. ಬೀದಿ ಮೂಲೆಯ ಕೊಂಬಿನಿ ಅಂಗಡಿಯಲ್ಲಿ ಕೊಂಡ ತಿಂಡಿಗೆ ಚುಚ್ಚಿದ್ದ ಬಿದಿರು ಕಡ್ಡಿಯನ್ನೇ ಕತ್ತರಿಸಿ, ತಿಕ್ಕಿ, ನನ್ನ ಸುಳ್ಳು ಪಿನ್ನು ಮಾಡಿಕೊಂಡೆ.

ಆ ಮಧ್ಯಾಹ್ನ ಬಾಲ್ಕನಿಯಲ್ಲಿ ಒಳ್ಳೆ ಬೆಳಕಿತ್ತು. ಟ್ರಿಗರಿನ ಗೂಡು ಇನ್ನೂ ರೈಫಲ್ಲಿನಿಂದ ಹೊರಗಿದ್ದಾಗ, ಹಿಡಿ ಮತ್ತು ನಳಿಗೆಯ ಭಾಗವನ್ನು ಬಾಲ್ಕನಿಗೆ ಒಯ್ದು ತಿರುಗಿಸಿ ತಿರುಗಿಸಿ ನೋಡಿದೆ, ಎಲ್ಲಾದರೂ ಬಿರುಕಿದೆಯೇ ಎಂದು. ಒಳಗೆ ಬಂದು ಜೋಡಿಸಲು ಕೂತೆ. ಸ್ಪ್ರಿಂಗನ್ನು ಹೆಬ್ಬೆರಳಿನಿಂದ ಒತ್ತಿ, ಬಿದಿರು ಕಡ್ಡಿಯನ್ನು ಇನ್ನೇನು ಅರ್ಧ ತೂರಿಸಿದ್ದೆ, ಅಷ್ಟರಲ್ಲಿ ಬಾಗಿಲ ಗಂಟೆ ಬಡಿಯಿತು. ಪಾರ್ಸೆಲ್ ಇರಬೇಕೆಂದುಕೊಂಡು, ಪ್ಲಾಸ್ಟಿಕ್ ಚೀಲದಿಂದ ಕೈ ಹೊರಗೆಳೆದು, ಹೆಬ್ಬೆರಳು ತೆಗೆಯಲಾಗದೆ ಹಾಗೇ ಹೋಗಿ ಮೊಣಕೈಯಿಂದ ಬಾಗಿಲು ತೆರೆದೆ.

ಇಬ್ಬರು ಪೊಲೀಸರು. ಒಬ್ಬ ನಡುವಯಸ್ಸಿನವರು, ಇನ್ನೊಬ್ಬ ಎಳೆಯ. ಇಬ್ಬರೂ ಮಾಸ್ಕು ಹಾಕಿ ಎರಡು ಹೆಜ್ಜೆ ಹಿಂದೆ ನಿಂತಿದ್ದರು.

"ಸುಮಿಮಾಸೆನ್, ಓಕುಸಾನ್" ಎಂದರು ಹಿರಿಯರು. ಸುಮಿಮಾಸೆನ್ ಎಂದರೆ ಕ್ಷಮಿಸಿ, ಓಕುಸಾನ್ ಎಂದರೆ ಮನೆಯಾಕೆ. "ಈ ಮನೆಯ ಬಾಲ್ಕನಿಯಲ್ಲಿ ಬಂದೂಕಿನಂಥದ್ದು ಕಂಡಿತೆಂದು ಫೋನ್ ಬಂದಿದೆ. ಗೋಶುಜಿನ್ ಇದ್ದಾರೆಯೇ?"

ಗೋಶುಜಿನ್ ಎಂದರೆ ಗಂಡ. ಪದದ ಅರ್ಥ ಯಜಮಾನ ಎಂದು. ಎಷ್ಟೋ ವರ್ಷ ಆ ಮಾತು ಕೇಳಿ ಸುಮ್ಮನಿದ್ದೆ. ಅಂದು ಆಗಲಿಲ್ಲ.

"ಅದು ಅವರದ್ದಲ್ಲ. ಕೆಲಸ ನನ್ನದು. ನನ್ನನ್ನು ಕೇಳಿ."

ದನಿ ಕೇಳಿ ಗಂಡ ಓಡಿ ಬಂದರು. ಮೇಲೆ ಇಸ್ತ್ರಿ ಶರ್ಟು, ಕೆಳಗೆ ಚಡ್ಡಿ. ಮೀಟಿಂಗಿನ ನಡುವೆ ಎದ್ದು ಬಂದಿದ್ದರು. ಪೊಲೀಸರನ್ನು ನೋಡಿ ಸುಮಿಮಾಸೆನ್ ಎಂದು ಬಗ್ಗಿದವರು ಏಳಲೇ ಇಲ್ಲ. ಹಿಂದೆಯೇ ಮಗಳೂ ಬಂದಳು. ನನಗೆ ಜಪಾನಿ ಮಾತು ಸಿಗದಿದ್ದ ಕಡೆ ನಾನು ಕನ್ನಡದಲ್ಲಿ ಹೇಳಿದ್ದನ್ನು ಅವಳು ಜಪಾನಿಯಲ್ಲಿ ಹೇಳಿದಳು. ಇದು ಕ್ಲಬ್ಬಿನದು, ಮಕ್ಕಳ ಆಟದ್ದು, ಗುಂಡು ಹೋಗಲು ನಳಿಗೆಯಲ್ಲಿ ದಾರಿಯೇ ಇಲ್ಲ, ಲೈಸೆನ್ಸು ಬೇಕಾಗಿಲ್ಲ.

ಹಿರಿಯ ಪೊಲೀಸರ ಕಣ್ಣು ನನ್ನ ಕೈ ಮೇಲಿತ್ತು. "ಮೊದಲು ಕೈಯಲ್ಲಿರುವುದನ್ನು ಕೆಳಗಿಡಿ."

"ಇಡೋಕಾಗಲ್ಲ."

ಮಗಳು ನನ್ನನ್ನು ನೋಡಿದಳು. "ಅಮ್ಮ, ಹಂಗೇ ಹೇಳ್ಲಾ?"

"ಹಂಗೇ ಹೇಳು. ಬೆರಳು ತೆಗೆದರೆ ಸ್ಪ್ರಿಂಗು ಹಾರತ್ತೆ, ಅವರ ಮುಖಕ್ಕೇ ಹಾರಬಹುದು. ಸಿಗದಿದ್ರೆ ಇನ್ನೊಂದು ಎಲ್ಲೂ ಸಿಗಲ್ಲ. ಪಿನ್ನು ಕೂರುವ ತನಕ ಕಾಯಿರಿ ಅಂತ ಹೇಳು."

"ಲೇ, ಇಟ್ಟುಬಿಡೇ!" ಎಂದು ಗಂಡ ಬಗ್ಗಿದಲ್ಲಿಂದಲೇ ಕನ್ನಡದಲ್ಲಿ ಹಲ್ಲು ಕಚ್ಚಿದರು. "ನನ್ನ ವೀಸಾ, ನಿನ್ನ ವೀಸಾ, ಎಲ್ಲಾ ಹೋಗತ್ತೆ."

ಭಯ ನನಗೂ ಇತ್ತು. ಆದರೆ ಮಗಳು ನನ್ನ ಮುಖವನ್ನೇ ನೋಡುತ್ತಿದ್ದಳು. ಈಗ ನಾನು ಬೆರಳು ತೆಗೆದರೆ ಅವಳು ನಾಳೆಯೇ ಆ ಪೊರಕೆಯನ್ನು ಬಲ ಭುಜಕ್ಕೆ ಎತ್ತಿಕೊಳ್ಳುತ್ತಾಳೆ ಎನಿಸಿತು.

"ಒಳಗೆ ಬನ್ನಿ, ಬೂಟು ಬಿಚ್ಚಿ, ಬೇಕಾದ್ದು ನೋಡಿ" ಎಂದೆ ಪೊಲೀಸರಿಗೆ. ಅವರು ಒಬ್ಬರನ್ನೊಬ್ಬರು ನೋಡಿಕೊಂಡು, ಬೂಟು ಬಿಡುವ ಜಾಗದಲ್ಲೇ ನಿಲ್ಲುತ್ತೇವೆ ಎಂದರು. "ಹಾಗಾದರೆ ನಾನೇ ಇಲ್ಲಿಗೆ ತರ್ತೀನಿ." ಮಗಳು ಚಪಾತಿ ಮಣೆ, ಸುತ್ತಿಗೆ, ಪಿನ್ನು ತಂದಿಟ್ಟಳು. ಪೊಲೀಸರ ಬೂಟುಗಳಿಂದ ಒಂದು ಮೊಳ ದೂರದಲ್ಲಿ, ಹಜಾರದ ನೆಲದ ಮೇಲೆ ಚಕ್ಕಳಮಕ್ಕಳ ಹಾಕಿ ಕೂತೆ.

ಬಿದಿರು ಕಡ್ಡಿಯನ್ನು ಪೂರ್ತಿ ತೂರಿಸಿದೆ. ಈಗ ಎಲ್ಲ ಹಿಡಿದು ನಿಂತಿತು. ಪಿನ್ನಿನ ತುದಿಗೆ ಗ್ರೀಸ್ ಸವರಿ, ಇಕ್ಕಳದಿಂದ ಹಿಡಿದು ತೂತಿನ ಬಾಯಿಗೆ ಇಟ್ಟೆ. ಪಿನ್ನು ಜಾರಿ ಟಣ್ ಎಂದು ನೆಲಕ್ಕೆ ಬಿದ್ದು ಉರುಳಿಕೊಂಡು ಹೋಯಿತು.

"ಯಾರೂ ಕಾಲು ಎತ್ತಬೇಡಿ!" ಎಂದು ಕೂಗಿದೆ. ಕೂಗಿದ್ದು ಕನ್ನಡದಲ್ಲಿ. ಆದರೂ ಇಬ್ಬರೂ ಪೊಲೀಸರು ಕಂಬದಂತೆ ನಿಂತರು. ಮಗಳು ಅದನ್ನು ಜಪಾನಿಯಲ್ಲಿ ಹೇಳಿದ ಮೇಲೆ ಎಳೆಯ ಪೊಲೀಸ್ ನಿಂತಲ್ಲೇ ಕುಕ್ಕರಗಾಲಲ್ಲಿ ಕೂತು, ಟಾರ್ಚು ಬೆಳಗಿಸಿ, ಚಪ್ಪಲಿಗಳ ನಡುವೆ ಹುಡುಕಿದ. ತನ್ನ ಬೂಟಿನ ಹಿಮ್ಮಡಿಯ ಪಕ್ಕದಲ್ಲೇ ಇದ್ದ ಪಿನ್ನನ್ನು ಹೆಕ್ಕಿ, ಅಂಗೈ ಮೇಲಿಟ್ಟು, ಎರಡೂ ಕೈ ಚಾಚಿ ತಲೆ ಬಾಗಿಸಿ ಕೊಟ್ಟ.

"ಅರಿಗಾತೋ" ಎಂದೆ. ಉಸಿರು ಎಳೆದುಕೊಂಡೆ. ಈ ಸಲ ಪಿನ್ನು ನೆಟ್ಟಗೆ ನಿಂತಿತು. ಟಕ್, ಟಕ್. ಬಿದಿರು ಕಡ್ಡಿ ಇನ್ನೊಂದು ಕಡೆಯಿಂದ ಮೂಗು ಹೊರಹಾಕಿತು. ಇನ್ನೆರಡು ಪೆಟ್ಟಿಗೆ ಮಣೆಯ ತೂತಿನಲ್ಲಿ ಬಿದ್ದೇ ಹೋಯಿತು. ಪಿನ್ನಿನ ಎರಡೂ ತುದಿಗಳನ್ನು ಉಗುರಿನಿಂದ ಸವರಿದೆ. ಸಮ. ಟ್ರಿಗರ್ ಎಳೆದು ಬಿಟ್ಟೆ. ಲಟಲಟ ಹೋಗಿ ಕಡಕ್ಕಾಗಿ ಒಂದೇ ಸದ್ದು.

"ಈಗ ಕೇಳಿ" ಎಂದು ಎದ್ದು ನಿಂತೆ.

ಹಿರಿಯರು ನಮ್ಮ ನಿವಾಸದ ಕಾರ್ಡುಗಳನ್ನು ನೋಡಿದರು. ರೈಫಲ್ಲಿನ ನಳಿಗೆಯಲ್ಲಿ ದಾರಿಯಿಲ್ಲದ್ದನ್ನು ಕಣ್ಣಾರೆ ನೋಡಿದರು. ಆದರೂ ಖಚಿತಪಡಿಸಿಕೊಳ್ಳಲು ಚೌಕಿಗೆ ಬರಬೇಕೆಂದರು. ರೈಫಲ್ಲನ್ನು ಕಪ್ಪು ಚೀಲಕ್ಕೆ ಹಾಕಿದೆ. ಎಳೆಯವನು ಅದನ್ನು ತೆಗೆದುಕೊಳ್ಳಲು ಕೈ ಚಾಚಿದ.

"ಬರ್ತೀನಿ. ಚೀಲ ನಾನೇ ಹೊರ್ತೀನಿ" ಎಂದೆ. "ನೋಡಿದ ಮೇಲೆ ಫೋನ್ ಮಾಡಿದವರಿಗೆ ಇದು ಏನು ಅಂತ ನೀವು ತಿಳಿಸಬೇಕು."

"ಯಾರು ಫೋನ್ ಮಾಡಿದರೆಂದು ನಾವು ಹೇಳುವಂತಿಲ್ಲ."

"ನನಗೆ ಹೇಳಬೇಡಿ. ಅವರಿಗೆ ಹೇಳಿ."

ಅವರು ಒಪ್ಪಿಕೊಂಡರೋ ಇಲ್ಲವೋ, ಮಾಸ್ಕಿನ ಹಿಂದೆ ತಿಳಿಯಲಿಲ್ಲ. ನಮ್ಮ ಬೀದಿಯಲ್ಲಿ ಹೆಗಲಿಗೆ ಕಪ್ಪು ಚೀಲ ಏರಿಸಿ, ಹಿಂದೊಬ್ಬ ಮುಂದೊಬ್ಬ ಪೊಲೀಸರ ನಡುವೆ ನಾನು ನಡೆದೆ. ಪಕ್ಕದಲ್ಲಿ ಮಗಳು. ದಿನಾ ಮಾತಾಡಿಸುತ್ತಿದ್ದ ತರಕಾರಿ ಅಂಗಡಿಯವರು ತಲೆ ತಗ್ಗಿಸಿ ಈರುಳ್ಳಿ ಜೋಡಿಸತೊಡಗಿದರು. ನಾನು ನಿಂತು "ಕೊನ್ನಿಚಿವಾ" ಎಂದು ನಮಸ್ಕಾರ ಹೇಳಿದೆ. ಉತ್ತರ ಬರುವ ತನಕ ನಿಂತೇ ಇದ್ದೆ.

ಚೌಕಿಯಿಂದ ಸೆನ್ಸೇಗೆ ಫೋನ್ ಹೋಯಿತು. ಫೋನಿನಲ್ಲೇ ಹೇಳಿದ್ದರೆ ಸಾಕಿತ್ತು. ಅವರು ಸೈಕಲ್ ತುಳಿದುಕೊಂಡು ಬಂದುಬಿಟ್ಟರು. "ಇದು ನಮ್ಮ ಕ್ಲಬ್ಬಿನದು. ಕೊಟ್ಟವಳು ನಾನು. ಮಗುವನ್ನು ಇಲ್ಲಿವರೆಗೆ ನಡೆಸುವ ಮೊದಲು ಒಂದು ಫೋನ್ ಮಾಡಬಹುದಿತ್ತು" ಎಂದರು, ಶಾಲೆಯ ಮಕ್ಕಳಿಗೆ ಹೇಳುವ ದನಿಯಲ್ಲಿ. ಪೊಲೀಸರು ಬಗ್ಗಿದರು. ಆಮೇಲೆ ಸೆನ್ಸೇ ನನ್ನ ಕಡೆ ತಿರುಗಿ, "ಬಾಲ್ಕನಿಯಲ್ಲಿ ಯಾಕೆ ಹಿಡಿದಿರಿ ಓಕಾಸಾನ್? ನೋಡಿದವರಿಗೆ ಹೆದರಿಕೆಯಾಗುವುದಿಲ್ಲವೇ?" ಎಂದು ಬೈದರು. ಆ ಬೈಗುಳ ನ್ಯಾಯದ್ದು. ತಲೆಯಾಡಿಸಿ, ಪೊಲೀಸರು ವಾಪಸ್ ಕೊಟ್ಟ ಚೀಲವನ್ನು ಹೆಗಲಿಗೇರಿಸಿದೆ.

ಕತೆ ಅಲ್ಲಿಗೆ ಮುಗಿಯಲಿಲ್ಲ. ಎರಡೇ ದಿನದಲ್ಲಿ ನಮ್ಮ ಕಟ್ಟಡದ ಲಿಫ್ಟಿನಲ್ಲಿ ಒಂದು ಚೀಟಿ ಅಂಟಿತು. ನೆರೆಯವರಿಗೆ ಆತಂಕ ತರುವ ವಸ್ತುಗಳನ್ನು ತರಬಾರದು, ಸುತ್ತಿಗೆಯ ಸದ್ದು ಮಾಡಬಾರದು ಎಂದು. ಹೆಸರಿರಲಿಲ್ಲ. ಎಲ್ಲರಿಗೂ ಗೊತ್ತಿತ್ತು.

"ಇವತ್ತೇ ವಾಪಸ್ ಕೊಟ್ಟುಬಿಡು" ಎಂದರು ಗಂಡ. "ಒಂದೊಂದು ಮನೆಗೂ ಸ್ವೀಟ್ ಬಾಕ್ಸ್ ಕೊಟ್ಟು ಸಾರಿ ಕೇಳೋಣ."

"ಸ್ವೀಟ್ ಕೊಡೋಣ ಬೇಕಾದ್ರೆ. ಸಾರಿ ಯಾತಕ್ಕೆ?"

"ನಾವು ಇಲ್ಲಿ ಬದುಕಬೇಕಲ್ವೇನೇ?"

"ಬದುಕ್ತಾ ಇದೀವಲ್ಲರೀ. ಇದೂ ಬದುಕೇ. ಬಾಡಿಗೆ ಕಟ್ಟಿದ ಮನೇಲಿ ನಮ್ಮ ಮಗಳ ಸಾಮಾನು ರಿಪೇರಿ ಮಾಡೋಕೆ ನಾನು ಕ್ಷಮೆ ಕೇಳಲ್ಲ."

ಗಂಡ ಸಿಟ್ಟಾಗಿ ಹೋಗಿ ಲ್ಯಾಪ್‌ಟಾಪಿನ ಮುಂದೆ ಕೂತರು. ನಾನು ಮಗಳ ಕೈಯಲ್ಲಿ ಚೆಂದದ ಜಪಾನಿಯಲ್ಲಿ ಬರೆಸಿದೆ: 'ಆ ಸದ್ದು ನಮ್ಮ ಮನೆಯದು. ಬೆಳಕಿನ ಕ್ರೀಡಾ ರೈಫಲ್ಲೊಂದನ್ನು ಸರಿಪಡಿಸುತ್ತಿದ್ದೇವೆ. ಅಪಾಯವಿಲ್ಲ. ಅನುಮಾನವಿದ್ದವರು ಗಂಟೆ ಬಾರಿಸಿ, ತೋರಿಸುತ್ತೇವೆ.' ಕೆಳಗೆ ಮನೆಯ ಸಂಖ್ಯೆ. ಅದನ್ನು ಆ ಚೀಟಿಯ ಪಕ್ಕದಲ್ಲೇ ಅಂಟಿಸಿದೆ. ಸಂಜೆಗೆ ಯಾರೋ ಕಿತ್ತಿದ್ದರು. ಮತ್ತೆ ಬರೆಸಿದೆ. ಮತ್ತೆ ಕಿತ್ತರು. "ಅಮ್ಮ, ಐ ವಿಲ್ ಮೇಕ್ ಕಾಪೀಸ್" ಎಂದು ಮಗಳು ಕೊಂಬಿನಿಗೆ ಹೋಗಿ ಒಂದು ಕಟ್ಟು ಜೆರಾಕ್ಸ್ ಮಾಡಿಸಿಕೊಂಡು ಬಂದಳು. ಆಮೇಲೆ ಕೀಳುವವರಿಗೇ ಬೇಜಾರಾಗಿರಬೇಕು, ಚೀಟಿ ಉಳಿಯಿತು.

ಗಂಟೆ ಬಾರಿಸಿದ್ದು ಒಬ್ಬರೇ. ಕೆಳಗಿನ ಮನೆಯ ಯುವಕ, ಎದೆಗೆ ಕೂಸು ಕಟ್ಟಿಕೊಂಡಿದ್ದ. ಕೂಸು ಊಟದ ನಂತರ ಒಂದಷ್ಟು ಹೊತ್ತು ಮಲಗುತ್ತದೆ, ಆ ಸಮಯ ಬಿಟ್ಟು ಬಡಿಯಲು ಆಗುತ್ತದೆಯೇ ಎಂದು ಕೇಳಿದ.

"ಖಂಡಿತ" ಎಂದೆ. "ಎಷ್ಟು ಗಂಟೆಗೆ ಏಳತ್ತೆ ಹೇಳಿ, ಆಮೇಲೆ ಶುರು ಮಾಡ್ತೀನಿ."

ಅವನು ಹೋದ ಮೇಲೆ ಗಂಡ ಕೇಳಿದರು: "ಈಗ ಮಾತ್ರ ಹೆಂಗೆ ಒಪ್ಪಿಕೊಂಡೆ?"

"ಅವನು ಬಾಗಿಲಿಗೆ ಬಂದು ಕೇಳಿದ" ಎಂದೆ. ಗಂಡ ಹತ್ತಿರ ಬಂದು, ನಾನು ಹಿಡಿಯ ಮರಕ್ಕೆ ತಿರುಪು ಹಾಕುವಾಗ ಇನ್ನೊಂದು ತುದಿ ಹಿಡಿದುಕೊಂಡು ಕೂತರು.

ಶರತ್ಕಾಲದಲ್ಲಿ ಮಕ್ಕಳ ಪಂದ್ಯ ನಡೆಯಿತು. ಪ್ರೇಕ್ಷಕರಿಲ್ಲ, ಒಂದು ಮಗುವಿಗೆ ಒಬ್ಬರೇ ದೊಡ್ಡವರು. ಸಲಕರಣೆ ಪರೀಕ್ಷಿಸುವವರು ಟ್ರಿಗರಿನ ಹೊಸ ಪಿನ್ನು ನೋಡಿ ಹುಬ್ಬೇರಿಸಿದರು. "ಇದನ್ನು ಮಾಡಿದವರು ಯಾರು? ಹವ್ಯಾಸಿಗಳು ಮಾಡಿದ್ದನ್ನು ಒಪ್ಪಿಕೊಳ್ಳುವುದು..." ಎಂದು ತಡೆದರು.

"ಹವ್ಯಾಸಿಯಲ್ಲ" ಎಂದೆ. ಆ ವಾಕ್ಯವನ್ನು ಜಪಾನಿಯಲ್ಲಿ ಮೊದಲೇ ಕಲಿತಿಟ್ಟುಕೊಂಡಿದ್ದೆ. "ನಾನು ಟೂಲ್ ಮೇಕರ್. ನಿಮ್ಮ ಮಾಪನದಲ್ಲಿ ಅಳೆಯಿರಿ."

ಅಳೆದರು. ಟ್ರಿಗರಿನ ಎಳೆತ ನೋಡಿದರು. ಬೆಳಕು ತಪ್ಪದೆ ಬರುತ್ತದೆಯೇ ಎಂದು ಮತ್ತೆ ಮತ್ತೆ ಎಳೆದರು. ಕೊನೆಗೆ ಹಸಿರು ಸ್ಟಿಕರು ಅಂಟಿಸಿ ವಾಪಸ್ ಕೊಟ್ಟರು. ಸಾಲಿನಲ್ಲಿ ಎಲ್ಲ ಮಕ್ಕಳೂ ಗುರಿಗೆ ಭುಜ ಕೊಟ್ಟು ಒಂದು ಕಡೆಗೆ ಮುಖ ಮಾಡಿ ನಿಂತಿದ್ದರು, ಎಡಗೈಯವಳಾದ ನನ್ನ ಮಗಳೊಬ್ಬಳೇ ಅವರಿಗೆ ಎದುರು ಮುಖವಾಗಿ. ಪಕ್ಕದ ಹುಡುಗಿಯೂ ಇವಳೂ ಕಣ್ಣಿಗೆ ಕಣ್ಣು ಸಿಕ್ಕಿ ನಕ್ಕದ್ದು ಮಾಸ್ಕಿನ ಮೇಲೂ ಕಾಣಿಸಿತು. ಅವಳು ಗೆಲ್ಲಲಿಲ್ಲ. ನಡುವೆ ಎಲ್ಲೋ ಬಂದಳು. ಆದರೆ ಒಂದು ಸಲವೂ ಟ್ರಿಗರು ಕೈಕೊಡಲಿಲ್ಲ.

ವಾಪಸ್ ಬರುವಾಗ ರೈಲು ಅರ್ಧಕ್ಕರ್ಧ ಖಾಲಿ. ಸೋತ ಬೇಜಾರಿನಲ್ಲಿದ್ದಾಳೆಂದುಕೊಂಡೆ. ಸೇತುವೆ ದಾಟುವಾಗ ಅವಳೇ ಹೇಳಿದಳು:

"ಅಮ್ಮ, ಟ್ರಿಗರ್ ಇನ್ನೂ ಸ್ವಲ್ಪ ಹಾರ್ಡ್ ಇದೆ. ಲಾಸ್ಟಲ್ಲಿ ಕೈ ಶೇಕ್ ಆಗತ್ತೆ."

"ಸ್ಪ್ರಿಂಗ್ ಬದಲಾಯಿಸಬಹುದು. ನಾಳೆ ಬಿಚ್ಚಿ ನೋಡ್ತೀನಿ."

"ನೀನಲ್ಲ. ನಾನ್ ಬಿಚ್ತೀನಿ."

ಮಾರನೆಯ ದಿನ, ಕೆಳಗಿನ ಮನೆಯ ಕೂಸು ಎದ್ದ ಸದ್ದು ಕೇಳಿದ ಮೇಲೆ, ಅವಳು ನೆಲದ ಮೇಲೆ ಕೂತಳು. ಸುತ್ತಿಗೆ, ಇಕ್ಕಳ, ಎಣ್ಣೆ, ಎಲ್ಲವನ್ನೂ ನಾನು ಜೋಡಿಸಿಟ್ಟಿದ್ದೆ. ಒಂದು ಕ್ಷಣ ನೋಡಿ, ಒಂದೊಂದನ್ನೂ ಎತ್ತಿ ತನ್ನ ಎಡಕ್ಕೆ ಇಟ್ಟುಕೊಂಡಳು. ಮೊದಲ ಪೆಟ್ಟು ಪಿನ್ನಿನ ಬದಲು ಅವಳ ಹೆಬ್ಬೆರಳಿಗೆ ಬಿತ್ತು. "ಅಯ್ಯಮ್ಮಾ" ಎಂದು ಅಪ್ಪಟ ಕನ್ನಡದಲ್ಲಿ ಕೂಗಿದಳು. ನಾನು ಕೈ ಮುಂದೆ ಚಾಚಿದೆ.

"ಬೇಡ" ಎಂದಳು. ಬೆರಳನ್ನು ಬಾಯಲ್ಲಿಟ್ಟು ಚೀಪಿ, ಪಂಚನ್ನು ಮತ್ತೆ ನೆಟ್ಟಗೆ ನಿಲ್ಲಿಸಿದಳು. ನಾನು ಕೈ ಹಿಂದಕ್ಕೆ ತೆಗೆದುಕೊಂಡೆ.